ಚಟ್ಟದ ಮೇಲಿನ ನಗು

ಪಾತ್ರ ಸತ್ತ ಶಾಟ್ ಮುಗಿದ ಕೂಡಲೇ ನಟ ಕಣ್ಣು ಬಿಟ್ಟು ಕ್ಯಾಮೆರಾ ನೋಡಿ ಒಮ್ಮೆ ನಗಬೇಕು. ನಗದಿದ್ದರೆ ಸಾವು ನಟನಿಗೇ ಅಂಟಿಕೊಳ್ಳುತ್ತದೆ ಅನ್ನುವುದು ಸಿನಿಮಾ ಮಂದಿಯ ಹಳೇ ನಂಬಿಕೆ. ಜೀವನವಿಡೀ ಸಾಹುಕಾರ, ಪುರೋಹಿತ, ಪೇದೆ ಅಂತ ಸಿಕ್ಕಿದ್ದೆಲ್ಲ ಆಗಿದ್ದ ವಾಮನಮೂರ್ತಿ ಇವತ್ತು ಧಾರಾವಾಹಿಯೊಂದರ ಅಜ್ಜನಾಗಿ ಸತ್ತಿದ್ದ. ಚಟ್ಟದ ಮೇಲೆ ಮಲಗಿದ್ದಲ್ಲೇ ನಕ್ಕ.

ಜೊತೆಗೆ ಬಂದಿದ್ದ ಹೆಂಡತಿ ಕುರ್ಚಿಯಿಂದ ಎದ್ದು ನಿಂತಳು. "ಅದು ನಿಮ್ಮ ನಗು ಅಲ್ಲ. ಆ ಸಾಹುಕಾರನ ಪಾತ್ರದ್ದು."

"ಯಾರದಾದ್ರೇನು ಮೇಡಮ್, ನಕ್ಕರಲ್ಲ," ಅಂದ ನಿರ್ದೇಶಕ.

"ಸಾಹುಕಾರ ನಕ್ಕರೆ ಸಾಹುಕಾರ ಬದುಕ್ತಾನೆ. ಇವರು?"

ವಾಮನಮೂರ್ತಿಗೆ ಕೊರಳಿನ ಹಾರ ಚುಚ್ಚತೊಡಗಿತು. ಇನ್ನೊಮ್ಮೆ ನಕ್ಕ.

"ಇದು ಪುರೋಹಿತರದ್ದು."

ಮತ್ತೆ ನಕ್ಕ. ಈ ಸಲ ತುಟಿ ಅದುರಿತು.

"ಇದು ಪೇದೇದು. ಯಾಕ್ರೀ ಹೀಗ್ ಮಾಡ್ತೀರಿ?"

ಲೈಟಿನವರು ಗುಸುಗುಸು ಶುರುಮಾಡಿದರು. ನಿರ್ದೇಶಕ ವಾಚು ನೋಡಿಕೊಂಡ. "ಸಾರ್, ನಿಮ್ದೇ ಒಂದು ಕೊಟ್ಬಿಡಿ, ಪ್ಯಾಕಪ್ ಮಾಡೋಣ."

ವಾಮನಮೂರ್ತಿ ಒಳಗೆಲ್ಲ ತಡಕಾಡಿದ. ಹೊಳೆದ ನಗುವಿಗೆಲ್ಲ ಒಂದೊಂದು ವೇಷವಿತ್ತು. ಬಳಿದ ಬಣ್ಣದ ಮೇಲೆ ಬೆವರಿಳಿಯಿತು.

ಹೆಂಡತಿ ಚಟ್ಟದ ಪಕ್ಕ ಕೂತು ಮೆಲ್ಲಗೆ ಹೇಳಿದಳು. "ಹೆಣ್ಣು ನೋಡೋಕೆ ಬಂದಾಗ, ಕಾಫಿ ಲೋಟ ತಗೊಂಡು ನನ್ನ ನೋಡಿ ನಕ್ಕಿದ್ರಲ್ಲ, ಅದನ್ನ ನಗಿ. ಅದನ್ನ ನೋಡೇ ನಾನು ಒಪ್ಪಿದ್ದು."

ವಾಮನಮೂರ್ತಿ ಕಣ್ಣು ಮುಚ್ಚಿಕೊಂಡ.

"ಅದು ಆಗ ಮಾಡ್ತಿದ್ದ ನಾಟಕದ್ದು ಕಣೇ."