ಅಧ್ಯಕ್ಷರ ಗೇಟಿನ ಮುಂದೆ

ಒಣಮೆಣಸಿನ ಚೀಲದ ಘಾಟು. ಚಿಕ್ಕಂದಿನಲ್ಲಿ ಮಾವನ ಹೋಟೆಲಿನಲ್ಲಿ ಗಾಜಿನ ಲೋಟ ಒಡೆದಾಗಲೆಲ್ಲ ಸುಬ್ರಾಯರು ಉಗ್ರಾಣಕ್ಕೆ ನುಗ್ಗಿ, ಮೆಣಸಿನ ಚೀಲಗಳ ಹಿಂದೆ ಮೂಗು ಹಿಡಿದು ಕೂರುತ್ತಿದ್ದರು. ಸೀನಿದರೆ ಸಿಕ್ಕಿಬಿದ್ದಂತೆ. ಈಗ ಮಾಧವರಂ ಬಡಾವಣೆಯ ತಮ್ಮದೇ ಮನೆಯಲ್ಲಿ ಕಿಟಕಿಯ ಪರದೆಯ ಹಿಂದೆ ಅವಿತು ನಿಂತಾಗ, ಎಲ್ಲಿಂದಲೋ ಅದೇ ಘಾಟು ಮೂಗಿಗೆ ಅಡರಿತು.

ಗೇಟಿನ ಹೊರಗೆ ಲೀಲಮ್ಮ ಆಗಲೇ ಬಂದು ಕುಳಿತಿದ್ದರು.

ಒಂದು ಪ್ಲಾಸ್ಟಿಕ್ ಸ್ಟೂಲು, ಒಂದು ಕೊಡೆ. ವಸೂಲಿ ಆದೇಶ ಬಂದ ಮರುದಿನದಿಂದ ಇದೇ ನೋಟ. ಸುಬ್ರಾಯರ ಹೆಂಡತಿ ಸುಗುಣಾ ಶಾಲೆಯ ಕೆಲಸಕ್ಕೆ ಹೊರಟೊಡನೆ ಲೀಲಮ್ಮ ಸ್ಟೂಲು ಹಾಕುತ್ತಿದ್ದರು. ಸಂಜೆ ಸುಗುಣಾ ಮರಳಿದ ಮೇಲೆಯೇ ಏಳುತ್ತಿದ್ದರು. ಇಬ್ಬರೂ ಗೇಟಿನ ಬಳಿ ತಗ್ಗಿದ ದನಿಯಲ್ಲಿ ಮಾತಾಡುವುದನ್ನು ಸುಬ್ರಾಯರು ಪರದೆಯ ಸಂದಿಯಿಂದ ನೋಡಿದ್ದರು. ಪಾಪ, ಸುಗುಣಾ ಹಣ ಕೊಡಲು ವಾಯಿದೆ ಕೇಳುತ್ತಿರಬೇಕು.

“ಅವರ ಹತ್ತಿರ ಜಗಳ ಮಾಡಬೇಡಿ,” ಎಂದಿದ್ದಳು ಸುಗುಣಾ. “ಕೂಗಿದರೆ ಓಗೊಡಿ. ಅಷ್ಟು ಸಾಕು.”

ವಾಯಿದೆ ಸಿಕ್ಕಿದರೂ ಕೊಡುವುದೆಲ್ಲಿಂದ? ಹೋಟೆಲ್ ಕಾರ್ಮಿಕರ ಪತ್ತಿನ ಸಹಕಾರ ಸಂಘಕ್ಕೆ ಸುಬ್ರಾಯರು ಸಂಬಳವಿಲ್ಲದ ಅಧ್ಯಕ್ಷರು. ಆದೇಶ ಬರುವವರೆಗೆ ಹಗಲೆಲ್ಲ ಅವರು ಹೋಟೆಲಿನ ಗಲ್ಲಾಪೆಟ್ಟಿಗೆಯ ಹಿಂದೆ ಕೂರಬೇಕಿತ್ತು. ಅಷ್ಟರಲ್ಲಿ ಯಾವ ಸಪ್ಲೈಯರನ ತಾಯಿಗೆ ಆಸ್ಪತ್ರೆಯೋ, ಯಾವ ಅಡುಗೆಯವರ ಮಗಳಿಗೆ ಕಾಲೇಜಿನ ಫೀಸೋ. ತಮ್ಮ ಸಹಿಗಾಗಿ ಯಾರೂ ಕಾಯಬಾರದೆಂದು ಅವರು ಖಾಲಿ ಚೆಕ್ಕುಗಳಿಗೆ ಮೊದಲೇ ಸಹಿ ಹಾಕಿ, ಗುಮಾಸ್ತ ರಘುವಿನ ಕೈಗೆ ಕೊಟ್ಟಿಡುತ್ತಿದ್ದರು. ಎಷ್ಟೋ ಮನೆಗಳಿಗೆ ಅದರಿಂದ ಹೊತ್ತಿಗೆ ಸರಿಯಾಗಿ ಸಾಲ ಸಿಕ್ಕಿತ್ತು. ಒಂದು ದಿನ ರಘು ಕೆಲಸಕ್ಕೆ ಬರಲಿಲ್ಲ. ಬ್ಯಾಂಕಿನಲ್ಲಿ ಸಂಘದ ಹಣವೂ ಇರಲಿಲ್ಲ.

“ನೀವು ತಿಂದಿದ್ದೀರಿ ಅಂತ ಯಾರೂ ಹೇಳುತ್ತಿಲ್ಲ ಸಾರ್,” ಎಂದಿದ್ದರು ವಿಚಾರಣಾಧಿಕಾರಿ, ಮರ್ಯಾದೆಯಿಂದಲೇ. ಕುಡಿಯಲು ನೀರನ್ನೂ ಕೊಟ್ಟಿದ್ದರು. “ಆದರೆ ಸಹಿ ನಿಮ್ಮದು. ಅಲಕ್ಷ್ಯಕ್ಕೂ ಹೊಣೆ ಇರುತ್ತದಲ್ಲ?”

ನಷ್ಟವನ್ನೆಲ್ಲ ಅಧ್ಯಕ್ಷರ ಸ್ವಂತ ಆಸ್ತಿಯಿಂದ ವಸೂಲು ಮಾಡತಕ್ಕದ್ದು. ಆದೇಶದ ತಿರುಳು ಅಷ್ಟೇ. ಸ್ವಂತ ಆಸ್ತಿಯೆಂದರೆ ಈ ಮನೆಯೊಂದೇ. ಅದು ಹೋದರೂ ತೀರುವ ಮೊತ್ತವಲ್ಲ. ಬದುಕಿರುವವರೆಗೂ ಬೆನ್ನು ಬಿಡದು.

ಲೀಲಮ್ಮ ಸಂಘದ ಠೇವಣಿದಾರರು. ಗಂಡ ಅಂಬತ್ತೂರಿನ ಯಾವುದೋ ಕಾರ್ಖಾನೆಯಲ್ಲಿದ್ದರಂತೆ. ಅವರು ತೀರಿಕೊಂಡ ಮೇಲೆ ಹೋಟೆಲಿನಲ್ಲಿ ತರಕಾರಿ ಹೆಚ್ಚುತ್ತ, ಉಳಿಸಿದ್ದನ್ನೆಲ್ಲ ಸಂಘದಲ್ಲಿಟ್ಟಿದ್ದರು. ಬೇರೆ ಠೇವಣಿದಾರರು ಬಂದರು, ಬೈದರು, ಹೋದರು. ಲೀಲಮ್ಮ ಬೈಯಲೂ ಇಲ್ಲ, ಹೋಗಲೂ ಇಲ್ಲ.

“ಸುಬ್ರಾಯರೇ, ಒಳಗಿದ್ದೀರಲ್ಲ?”

ಆಗಾಗ ಈ ಕೂಗು. ಉತ್ತರ ಸಿಗುವವರೆಗೂ ನಿಲ್ಲದು.

“ಇದ್ದೇನೆ!”

ತಮ್ಮ ಮನೆಯಲ್ಲೇ ಹಾಜರಿ ಹೇಳಬೇಕು. ಹಾಲಿನ ಬೂತಿಗೆ ಹೋದರೂ ಆಕೆ ಹಿಂದೆಯೇ. ಎಂತದಕ್ಕೆ ಬರುತ್ತೀರಿ ಎಂದು ಸುಬ್ರಾಯರು ಒಮ್ಮೆ ರೇಗಿದ್ದರು. “ನನಗೂ ಹಾಲು ಬೇಡವಾ?” ಎಂದಿದ್ದರು ಲೀಲಮ್ಮ. ಮರಳುವಾಗ ಅವರ ಕೈ ಬರಿದಾಗಿತ್ತು.

“ಏನು ಲೀಲಮ್ಮ, ಇಲ್ಲಿಗೇ ರೇಷನ್ ಕಾರ್ಡ್ ಮಾಡಿಸಿಬಿಟ್ಟಿರಾ?” ಎದುರು ಮನೆಯ ಗಿರಿಧರ್ ಸ್ಕೂಟರು ಒರೆಸುತ್ತ ಕೆಣಕಿದ.

“ಮಾಡಿಸಬೇಕು ಮಾರಾಯ. ಇವರು ಒಮ್ಮೆ ಕೈತಪ್ಪಿದರೆ ಮತ್ತೆ ಸಿಗ್ಲಿಕ್ಕಿಲ್ಲ.”

ಗಿರಿಧರ್ ಗಟ್ಟಿಯಾಗಿ ನಕ್ಕ. ಪರದೆಯ ಹಿಂದೆ ಸುಬ್ರಾಯರ ಮುಖ ಬಿಸಿಯಾಯಿತು. ಇವತ್ತೇ ಹೊರಟುಬಿಡಬೇಕು.

ಮಧ್ಯಾಹ್ನದ ಬಿಸಿಲಿಗೆ ಲೀಲಮ್ಮನ ತಲೆ ತೂಗತೊಡಗಿತು. ಸುಬ್ರಾಯರು ಮೊಬೈಲನ್ನು ಮೇಜಿನ ಮೇಲಿಟ್ಟರು. ಉಂಗುರ ಬಿಚ್ಚಿ ಪಕ್ಕದಲ್ಲಿಟ್ಟರು. ಸುಗುಣಾಗೆ ಕಷ್ಟಕಾಲಕ್ಕೆ ಆದೀತು. ಬಸ್ ನಿಲ್ದಾಣ ಹತ್ತಿರವೇ. ಯಾವುದಾದರೊಂದು ದೂರದ ಬಸ್ಸು, ಊರು ಯಾವುದಾದರೇನು? ಬಟ್ಟೆ ಕಟ್ಟಿಕೊಳ್ಳಲಿಲ್ಲ. ಹೋಗುವಲ್ಲಿಗೆ ಏನೂ ಬೇಕಾಗಿರಲಿಲ್ಲ. ಕರೆಂಟು ದಂಡವಾಗಬಾರದೆಂದು ಟಿ.ವಿ. ಆರಿಸಿದರು. ಹೊರಗಿನಿಂದ ಕೂಗು ಬಂತು. ಅವರು ಉತ್ತರಿಸಲಿಲ್ಲ. ಹಿಂಬಾಗಿಲಿನ ಚಿಲಕವನ್ನು ಸದ್ದಾಗದಂತೆ ಸರಿಸಿದರು.

ಬಾಗಿಲಾಚೆ ಲೀಲಮ್ಮ ನಿಂತಿದ್ದರು. ಕೊಡೆಯಿಲ್ಲ, ಕಾಲಿಗೆ ಚಪ್ಪಲಿಯಿಲ್ಲ. ಹೆಗಲಿಗೆ ಜೋತ ಚೀಲ, ಏದುಸಿರು.

“ಟಿ.ವಿ. ಸದ್ದು ನಿಂತಿತು,” ಎಂದರು. “ಕೂಗಿದೆ. ನೀವು ಓಗೊಡಲಿಲ್ಲ.” ಅವರ ಕೈ ಸುಬ್ರಾಯರ ಮಣಿಕಟ್ಟನ್ನು ಬಿಗಿಯಾಗಿ ಹಿಡಿದಿತ್ತು.

“ಬಿಡಿ ಲೀಲಮ್ಮ. ನಿಮ್ಮ ದುಡ್ಡು ನಾನು ಮುಟ್ಟಲಿಲ್ಲ.”

“ಗೊತ್ತುಂಟು.”

“ಮನೆ ಹರಾಜಿಗೆ ಬರುತ್ತದೆ. ನಿಮ್ಮ ಪಾಲು ಅದರಲ್ಲಿ ಸಿಕ್ಕೀತು. ಅದಕ್ಕೆ ನಾನು ಇದ್ದು ಏನಾಗಬೇಕು?”

“ಸಿಕ್ಕಿದರೆ ಸಿಗಲಿ, ಇಲ್ಲದಿದ್ದರೆ ಬಿಡಲಿ. ಅದಕ್ಕಾ ನಾನು ಬಿಸಿಲಲ್ಲಿ ಕೂತದ್ದು?”

“ಮತ್ತೆಂತದಕ್ಕೆ? ಕಳ್ಳನನ್ನು ಕಾದ ಹಾಗೆ ಕಾದಿರಲ್ಲ!” ಸುಬ್ರಾಯರು ಕೈ ಬಿಡಿಸಿಕೊಳ್ಳಲು ಎಳೆದರು.

ಲೀಲಮ್ಮ ಹಿಡಿತ ಸಡಿಲಿಸಲಿಲ್ಲ. ಮಕ್ಕಳನ್ನು ರಸ್ತೆ ದಾಟಿಸುವಂತೆ ಅವರನ್ನು ಒಳಗೆ ನಡೆಸಿಕೊಂಡು ಬಂದು, ಅಡುಗೆಮನೆಯ ಕುರ್ಚಿಯಲ್ಲಿ ಕೂರಿಸಿದರು.

“ನಮ್ಮವರೂ ಕಾರ್ಖಾನೆಯ ಸಹಕಾರ ಸಂಘಕ್ಕೆ ಅಧ್ಯಕ್ಷರಾಗಿದ್ದರು ಸುಬ್ರಾಯರೇ, ಅವರಿಗೂ ಇಂಥದೇ ಆದೇಶ ಬಂದಿತ್ತು, ಅವರನ್ನು ಒಬ್ಬರೇ ಬಿಟ್ಟು ನಾನು ಸ್ವಲ್ಪ ಹೊತ್ತು ಮಾರ್ಕೆಟ್ಟಿಗೆ ಹೋಗಿದ್ದೆ, ಮರಳಿ ಬಂದು ಕೂಗಿದರೆ ಓಗೊಡಲಿಲ್ಲ,” ಎಂದ ಲೀಲಮ್ಮ ಚೀಲದಿಂದ ಸ್ಟೀಲಿನ ಡಬ್ಬಿ ತೆಗೆದು, ಮುಚ್ಚಳ ಬಿಚ್ಚಿ, ಮೊಸರನ್ನವನ್ನು ಅವರ ಕೈಗಿತ್ತರು.