ಅವ್ವ ಕೂಗಿದ ರೈಟ್

ಬಸ್ಸಿನ ಡೀಸೆಲ್ ವಾಸನೆ ಮೂಗಿಗೆ ಬಡಿದರೆ ಇವತ್ತಿಗೂ ನನ್ನ ಬಲ ಅಂಗೈ ಚುರುಗುಟ್ಟುತ್ತದೆ.

ಆ ಮಧ್ಯಾಹ್ನ ಸಾಗರದಲ್ಲಿ ಅಕ್ಕನ ನರ್ಸಿಂಗ್ ಸೀಟಿಗೆ ಸಂದರ್ಶನವಿತ್ತು. ಹೊಸನಗರದಲ್ಲಿ ನಾವು ಹತ್ತಿದ ಬಸ್ಸು ತುಂಬಿ, ಇಂಜಿನ್ ಗುರುಗುಟ್ಟುತ್ತಾ ನಿಂತೇ ಇತ್ತು. ನಮ್ಮ ಅಜ್ಜ ಗದ್ದೆಯ ಗೇಣಿ ಕೊಡುತ್ತಿದ್ದ ಮನೆತನದ ಒಡೆಯರು ಎದುರಿನ ಹೋಟೆಲಿನಲ್ಲಿ ಊಟಕ್ಕೆ ಕೂತಿದ್ದರು. ಅವರು ಬರದೆ ಬಸ್ಸು ಹೊರಡುವಂತಿರಲಿಲ್ಲ.

“ಮಗಳಿಗೆ ಹೊತ್ತಾಯ್ತು, ಬಸ್ ಬಿಡಿ,” ಎಂದಳು ಅವ್ವ.

“ಒಡೇರು ಬರ್ಲಿ, ಸುಮ್ನೆ ಕೂತ್ಕ,” ಎಂದ ಕಂಡಕ್ಟರ್.

ಶಾಲೆಯಲ್ಲಿ ರೈಟ್ ಎಂದರೆ ನನ್ನ ಲೆಕ್ಕ ಸರಿ ಎಂದು. ಓದು ಬಾರದ ಅವ್ವನಿಗೆ ಗೊತ್ತಿದ್ದದ್ದು ಬಸ್ಸಿನ ರೈಟ್ ಒಂದೇ. ಆ ಮಾತು ಕಿವಿಗೆ ಬಿದ್ದರೆ ಯಾವ ಡ್ರೈವರೂ ಹಿಂದೆ ತಿರುಗಿ ನೋಡುವುದಿಲ್ಲ. ಅವ್ವ ಎದ್ದು ಬಸ್ಸಿನ ತಗಡಿಗೆ ಎರಡು ಸಲ ಬಡಿದು, “ರೈಟ್!” ಎಂದು ಕೂಗಿದಳು. ಬಸ್ಸು ಹೊರಟೇಬಿಟ್ಟಿತು.

“ರೈಟ್ ಅನ್ನೋಕೆ ನೀ ಯಾರೇ?” ಕಂಡಕ್ಟರ್ ರೇಗಿದ.

“ಟಿಕೇಟ್ ತಗಂಡೋಳು.”

ಒಡೆಯರು ಎಂಜಲು ಕೈಯಲ್ಲೇ ಓಡಿ ಬರುತ್ತಿದ್ದರು. ಕಂಡಕ್ಟರ್ “ಹೋಲ್ಡಾನ್!” ಎಂದ. ಬಸ್ಸು ನಿಧಾನವಾಯಿತು. ಅಕ್ಕ ಫೈಲನ್ನು ಎದೆಗವಚಿಕೊಂಡು ಅವ್ವನ ಮುಖ ನೋಡಿದಳು. ನಾನು ಕಿಟಕಿಯಿಂದ ಕೈ ಹೊರಹಾಕಿ, ಬಿಸಿಲಿಗೆ ಕಾದ ತಗಡಿಗೆ ಇದ್ದಬದ್ದ ಬಲವೆಲ್ಲ ಸೇರಿಸಿ ಬಡಿದೆ.

“ರೈಟ್!”