ಹತ್ತಿಹಾಳದ ಷರತ್ತು

ಕದನವಿರಾಮಕ್ಕೆ ಇನ್ನು ಮೂರೇ ದಿನ ಎನ್ನುವಾಗ ಕರಾವಳಿ ಸೇನೆ ಹತ್ತಿಹಾಳವನ್ನು ಸುಟ್ಟುಹಾಕಿತು. ಅದಕ್ಕೇ ಶಾಂತಿ ಒಪ್ಪಂದಕ್ಕೆ ಒಂದು ಷರತ್ತು ಸೇರಿತು. ಆ ಊರಿಗೆ ಬೆಂಕಿಯಿಟ್ಟ ಪ್ರತಿ ಸೈನಿಕನೂ ತಾನು ಕೊಂದ ಒಬ್ಬರ ಕೊನೆಯ ಗಳಿಗೆಯನ್ನು ದಿನಕ್ಕೊಮ್ಮೆ ತಾನೇ ಅನುಭವಿಸಬೇಕು. ವರ್ಷಕ್ಕೊಮ್ಮೆ ಸತ್ತವರ ಮನೆಯವರನ್ನು ಕೇಳುತ್ತಾರೆ; ಅವರು ಸಹಿ ಹಾಕಿದರೆ ಮಾತ್ರ ಬಿಡುಗಡೆ.

ನೀಲವ್ವ ಆರನೆಯ ವರ್ಷವೂ ಗಡಿಯ ಕಚೇರಿಗೆ ಬಂದಳು. ಎದುರಿಗೆ ಆ ಸೈನಿಕರಲ್ಲೊಬ್ಬನಾದ ದೂಮಪ್ಪ ಕುಳಿತಿದ್ದ. ದಿನವೂ ಸಂಜೆ ನಾಲ್ಕಕ್ಕೆ ಅವನು ಅವಳ ಮಗಳು ಕಸ್ತೂರಿಯಾಗಿ ಹತ್ತಿ ಮಿಲ್ಲಿನೊಳಗೆ ಬೇಯುತ್ತಿದ್ದ. ಮೂವತ್ತೊಂದಕ್ಕೇ ಅವನ ತಲೆ ಪೂರ್ತಿ ನರೆತಿತ್ತು.

"ಈ ಸಲ ಬಿಟ್ಟುಬಿಡಿ ಅಮ್ಮ. ನನಗೊಂದು ಹೆಣ್ಣುಮಗು ಹುಟ್ಟಿದೆ. ನಾಲ್ಕಾದರೆ ನಾನು ಬೊಬ್ಬೆ ಹಾಕ್ತೇನೆ, ಅದು ಹೆದರಿ ಅಳ್ತದೆ."

"ನನ್ನ ಮಗಳೂ ಅಂಜಿದ್ಲಲ್ಲೋ?"

"ಹೌದಮ್ಮ. ಕೊನೆಗೆ ನಿಮ್ಮ ಮಗಳು 'ಅವ್ವಾ, ನೀ ಇತ್ಲಾಗ ಬರಬ್ಯಾಡ' ಅಂತ ಕೂಗ್ತಾರೆ. ದಿನಾ ಕೂಗ್ತಾರೆ."

ಬಿಡುಗಡೆಯ ಕಾಗದದತ್ತ ಹೋಗಿದ್ದ ನೀಲವ್ವನ ಪೆನ್ನು ನಿಂತಿತು.

"ಬರಬ್ಯಾಡ ಅಂದ್ಲು," ಎಂದಳು. "ಇವನನ್ನ ಬಿಟ್ಟುಬಿಡು ಅನ್ನಲಿಲ್ಲಲ್ಲ?"

ಕಾಗದದ ಮೇಲೆ 'ಮುಂದುವರಿಸಿ' ಎಂದು ಬರೆದು ಎದ್ದಳು.

"ನನ್ನ ಮಗು ದೊಡ್ಡದಾದ ಮೇಲೆ ಅಪ್ಪ ಯಾಕೆ ಕಿರುಚ್ತಾನೆ ಅಂತ ಕೇಳ್ತದೆ," ಎಂದ ದೂಮಪ್ಪ.

"ಬಿಡದಾಕಿ ಇಕೀನ ಅಂತ ನನ್ನ ಹೆಸರು ಹೇಳು."

"ಹೇಳ್ತೇನೆ," ಎಂದ. ಆರು ವರ್ಷದಲ್ಲಿ ಮೊದಲ ಸಲ ಅವನ ದನಿಯಲ್ಲಿ ಯಾಚನೆಯಿರಲಿಲ್ಲ.